ಡಾ ನಾಂಗ್‌ನಿಂದ ಹ್ವೆಗೆ ಒಂದು ದಿನದ ರೈಲು ಪ್ರವಾಸ: ಟಿಕೆಟ್ ತೆಗೆಯುವುದರಿಂದ ವಾಪಸ್ ಬರುವವರೆಗೆ

ಮಧ್ಯ ವಿಯೆಟ್ನಾಂಗೆ ಹೋಗುವ ನಮ್ಮವರು ಹೆಚ್ಚಾಗಿ ಡಾ ನಾಂಗ್‌ನಲ್ಲಿ ರೂಮು ಮಾಡುತ್ತಾರೆ. ಬಾ ನಾ ಬೆಟ್ಟದಲ್ಲಿ ಎರಡು ದೊಡ್ಡ ಕೈಗಳು ಹೊತ್ತುಕೊಂಡ ಹಾಗೆ ಕಾಣುವ ಚಿನ್ನದ ಬಣ್ಣದ ಸೇತುವೆ, ಹೋಯ್ ಆನ್‌ನ ಲಾಟೀನುಗಳು, ಒಂದು ಸಂಜೆ ಬೀಚು. ಇಷ್ಟಕ್ಕೇ ಮೂರು ದಿನ ಮುಗಿದು ಹೋಗುತ್ತದೆ. ನಾಲ್ಕನೇ ದಿನ ಉಳಿದವರು ಹಳೇ ರಾಜಧಾನಿ ಹ್ವೆಗೆ ಹೋಗುತ್ತಾರೆ, ಅದೂ ವ್ಯಾನಿನಲ್ಲಿ. ವ್ಯಾನು ಆರು ಕಿಲೋಮೀಟರ್‌ಗಿಂತ ಉದ್ದದ ಸುರಂಗದೊಳಗೆ ನುಗ್ಗಿ ಆಚೆ ಬರುತ್ತದೆ. ಎರಡು ಗಂಟೆಯಲ್ಲಿ ಹ್ವೆ. ನೋಡಬೇಕಾದ ಹಾಯ್ ವಾನ್ ಘಾಟಿ ತಲೆಯ ಮೇಲೇ ಉಳಿದುಬಿಡುತ್ತದೆ.

ರೈಲು ಹಾಗಲ್ಲ. ಅದು ಹಾಯ್ ವಾನ್ ಬೆಟ್ಟದ ಸಮುದ್ರದ ಕಡೆಯ ಅಂಚನ್ನು ಹಿಡಿದು, ಬಂಡೆಗೆ ಮೈ ತಾಗಿಸಿಕೊಂಡು ಹೋಗುತ್ತದೆ. 103 ಕಿಲೋಮೀಟರಿಗೆ ಸುಮಾರು ಮೂರು ಗಂಟೆ. ಸಕಲೇಶಪುರದಿಂದ ಸುಬ್ರಹ್ಮಣ್ಯಕ್ಕೆ ಹಗಲು ರೈಲಿನಲ್ಲಿ ಇಳಿದವರಿಗೆ ಈ ನಿಧಾನದ ರುಚಿ ಗೊತ್ತಿರುತ್ತದೆ. ಅಲ್ಲಿ ಕಿಟಕಿಯಾಚೆ ಕಾಡಿನ ಕಣಿವೆ, ಇಲ್ಲಿ ಸಮುದ್ರ.

ಆದರೆ ಒಂದೇ ದಿನದಲ್ಲಿ ಹೋಗಿ ಬರುವುದಾದರೆ ಲೆಕ್ಕ ಸ್ವಲ್ಪ ಬಿಗಿ. ನನ್ನ ಮೊದಲ ಪ್ರವಾಸ ಅರ್ಧ ಹಾಳಾಗಿದ್ದು ಲೆಕ್ಕ ತಪ್ಪಿದ್ದಕ್ಕೇ. ಹೋಗುವಾಗ ಕೂತಿದ್ದು ತಪ್ಪು ಕಡೆಯ ಸೀಟಿನಲ್ಲಿ, ವಾಪಸ್ ಬರುವಾಗ ಕತ್ತಲೆ. ಎರಡನೇ ಸಲ ಸರಿಮಾಡಿಕೊಂಡೆ. ಆ ಕ್ರಮವನ್ನೇ ಇಲ್ಲಿ ಬರೆಯುತ್ತಿದ್ದೇನೆ.

ಮೊದಲು ವಾಪಸ್ ಬರುವ ದಾರಿ ನೋಡಿ

ಎಲ್ಲರೂ ಹೋಗುವ ರೈಲಿನಿಂದ ಯೋಜನೆ ಶುರುಮಾಡುತ್ತಾರೆ. ನೀವು ವಾಪಸ್ ಬರುವುದರಿಂದ ಶುರುಮಾಡಿ.

ಈ ದಾರಿಯಲ್ಲಿ ಎರಡು ಥರದ ರೈಲುಗಳಿವೆ. ಒಂದು, ಹನೋಯ್ ಮತ್ತು ಸೈಗಾನ್ ನಡುವೆ ಓಡುವ ದೂರದ ರೈಲುಗಳು. ಇವುಗಳ ನಂಬರು ಎಸ್‌ಇ ಅಂತ ಶುರುವಾಗುತ್ತದೆ. ಇನ್ನೊಂದು, ಬರೀ ಡಾ ನಾಂಗ್ ಮತ್ತು ಹ್ವೆ ನಡುವೆ ಓಡುವ ಪ್ರವಾಸಿ ರೈಲು. ಇದು 2024ರ ಮಾರ್ಚ್ ಕೊನೆಯಲ್ಲಿ ಶುರುವಾಯಿತು, ನಂಬರು ಎಚ್‌ಡಿ. ನೆನಪಿಡಲು ಒಂದು ಸುಲಭದ ಸೂತ್ರ ಇದೆ. ಬೆಸ ಸಂಖ್ಯೆಯ ರೈಲು ದಕ್ಷಿಣಕ್ಕೆ, ಸಮ ಸಂಖ್ಯೆಯದು ಉತ್ತರಕ್ಕೆ. ಹ್ವೆ ಇರುವುದು ಡಾ ನಾಂಗ್‌ನ ಉತ್ತರಕ್ಕೆ. ಹಾಗಾಗಿ ಹೋಗುವಾಗ ಎಚ್‌ಡಿ 2 ಅಥವಾ ಎಸ್‌ಇ 2, 4, 6, 8ರಂಥವು. ಬರುವಾಗ ಎಚ್‌ಡಿ 3 ಅಥವಾ ಎಸ್‌ಇ 1, 3, 5, 7ರಂಥವು.

ಪ್ರವಾಸಿ ರೈಲು ಡಾ ನಾಂಗ್‌ನಿಂದ ಬೆಳಗ್ಗೆ ಎಂಟರ ಆಸುಪಾಸಿಗೆ ಹೊರಟು ಹನ್ನೊಂದರ ಹೊತ್ತಿಗೆ ಹ್ವೆ ಮುಟ್ಟುತ್ತದೆ. ಹೋಗುವುದಕ್ಕೆ ಇದಕ್ಕಿಂತ ಒಳ್ಳೆಯ ರೈಲಿಲ್ಲ. ತೊಂದರೆ ಇರುವುದು ವಾಪಸಾತಿಯಲ್ಲಿ. ಹ್ವೆಯಿಂದ ಮರಳುವ ಪ್ರವಾಸಿ ರೈಲು ಮಧ್ಯಾಹ್ನ ಎರಡೂವರೆಯ ಸುಮಾರಿಗೇ ಹೊರಟುಬಿಡುತ್ತದೆ. ಅದನ್ನೇ ಹಿಡಿಯುತ್ತೇನೆ ಅಂದರೆ ಕೈಯಲ್ಲಿ ಉಳಿಯುವುದು ಮೂರು, ಮೂರೂವರೆ ಗಂಟೆ. ಅದರಲ್ಲಿ ಊಟ, ಸ್ಟೇಷನ್‌ಗೆ ಓಡಾಟ ಕಳೆದರೆ ಅರಮನೆಯ ಬಾಗಿಲಲ್ಲಿ ಫೋಟೋ ತೆಗೆಸಿಕೊಂಡು ಬಂದ ಹಾಗೆ. ರೈಲೇ ಮುಖ್ಯ, ಊರು ನೆಪ ಅನ್ನುವವರಿಗೆ ಅಷ್ಟು ಸಾಕು. ಉಳಿದವರು ಈ ಮೂರರಲ್ಲಿ ಒಂದನ್ನು ಆರಿಸಿಕೊಳ್ಳಿ.

ಸಂಜೆಯ ಎಸ್‌ಇ ರೈಲಿನಲ್ಲಿ ಬರಬಹುದು. ಕತ್ತಲಾಗಿರುತ್ತದೆ, ದೂರದ ರೈಲಾದ್ದರಿಂದ ತಡವಾಗಿಯೂ ಬರಬಹುದು. ಆದರೆ ಆರಾಮ.

ಸಂಜೆಯ ವ್ಯಾನು ಅಥವಾ ಬಸ್ಸಿನಲ್ಲಿ ಬರಬಹುದು. ಹತ್ತು ಹದಿನೈದು ಸೀಟಿನ ಒಳ್ಳೆಯ ವ್ಯಾನುಗಳಿಗೆ ಅಲ್ಲಿ ಲಿಮೋಸಿನ್ ಅನ್ನುತ್ತಾರೆ. ಸುರಂಗದ ಮೂಲಕ ಎರಡು, ಎರಡೂವರೆ ಗಂಟೆ. ಹೋಟೆಲ್ ಬಾಗಿಲಿಗೇ ಬಿಡುವವರೂ ಇದ್ದಾರೆ. ಘಾಟಿಯನ್ನು ಬೆಳಗ್ಗೆಯೇ ನೋಡಿ ಆಗಿರುತ್ತದಲ್ಲ, ರಾತ್ರಿ ಸುರಂಗದಲ್ಲಿ ಬಂದರೆ ಏನು ನಷ್ಟ? ನನ್ನ ಓಟು ಇದಕ್ಕೆ.

ಮೂರನೆಯದು, ನಾಲ್ಕೈದು ಜನ ಇದ್ದರೆ, ಒಂದು ಕಾರು ಮಾಡಿಕೊಂಡು ಘಾಟಿಯ ಮೇಲಿನ ಹಳೇ ರಸ್ತೆಯಲ್ಲಿ ಬರುವುದು. ಸುಮಾರು 500 ಮೀಟರ್ ಎತ್ತರದ ತುದಿಯಲ್ಲಿ ದೊರೆ ಮಿನ್ ಮಾಂಗ್ 1826ರಲ್ಲಿ ಕಟ್ಟಿಸಿದ ಕೋಟೆ ಬಾಗಿಲು ಇದೆ. ರೈಲಿನಿಂದ ಅದು ಕಾಣುವುದಿಲ್ಲ. ಬೆಳಕಿರುವಾಗಲೇ ಅಲ್ಲಿಗೆ ಬರಬೇಕಾದರೆ ಹ್ವೆಯನ್ನು ನಾಲ್ಕು ಗಂಟೆಯೊಳಗೆ ಬಿಡಬೇಕು.

ರೈಲಿನ ಸಮಯ ಆಗಾಗ ಬದಲಾಗುತ್ತದೆ. ನಾನು ಹೇಳಿದ್ದು ಅಂದಾಜು. ನೀವು ಹೋಗುವ ತಾರೀಕಿನ ಸಮಯವನ್ನು ರೈಲ್ವೆಯ ಸೈಟಿನಲ್ಲಿ ನೋಡಿ, ಕಾಗದದ ಮೇಲೆ ಬರೆದುಕೊಂಡು ಆಮೇಲೆ ಮುಂದುವರಿಯಿರಿ.

ಯಾವ ತಿಂಗಳು

ಫೆಬ್ರವರಿಯಿಂದ ಏಪ್ರಿಲ್ ಒಳ್ಳೆಯದು. ಜೂನ್ ಜುಲೈನಲ್ಲಿ ಆಕಾಶ ತಿಳಿ, ಸಮುದ್ರ ನೀಲಿ, ಆದರೆ ಹ್ವೆಯ ಬಿಸಿಲು ರಾಯಚೂರಿನ ಬಿಸಿಲಿನ ತಂಗಿ, ಮೇಲೆ ಸೆಕೆ ಬೇರೆ. ಸೆಪ್ಟೆಂಬರ್‌ನಿಂದ ಡಿಸೆಂಬರ್‌ವರೆಗೆ ಮಳೆಗಾಲ. ನಮ್ಮಲ್ಲಿ ಮಳೆ ಮುಗಿಯುವ ಹೊತ್ತಿಗೆ ಅಲ್ಲಿ ಜೋರಾಗುತ್ತದೆ. ಅಕ್ಟೋಬರ್, ನವೆಂಬರ್‌ನಲ್ಲಿ ಹ್ವೆಯ ಬೀದಿಗಳಿಗೆ ನೀರು ನುಗ್ಗುವುದು, ಘಾಟಿಯಲ್ಲಿ ಮಣ್ಣು ಕುಸಿದು ರೈಲು ನಿಲ್ಲುವುದು ಹೊಸತೇನಲ್ಲ. ಆ ತಿಂಗಳುಗಳಲ್ಲಿ ಹೋಗುವವರು ಈ ಪ್ರವಾಸಕ್ಕೆ ಒಂದು ದಿನ ಹೆಚ್ಚುವರಿ ಇಟ್ಟುಕೊಳ್ಳಿ. ಜನವರಿ ಕೊನೆ, ಫೆಬ್ರವರಿಯಲ್ಲಿ ಬರುವ ಟೆಟ್, ಅಂದರೆ ಅವರ ಹೊಸ ವರ್ಷದ ಹಬ್ಬದ ವಾರದಲ್ಲಿ ಇಡೀ ದೇಶ ಊರಿಗೆ ಹೊರಟಿರುತ್ತದೆ. ನಮ್ಮ ದೀಪಾವಳಿಯ ಮೆಜೆಸ್ಟಿಕ್ ನೆನಪಿಸಿಕೊಳ್ಳಿ. ಟಿಕೆಟ್ ಬಹಳ ಮುಂಚೆ ತೆಗೆಯಬೇಕು.

ಟಿಕೆಟ್ ಮತ್ತು ಸೀಟು

ವಿಯೆಟ್ನಾಂ ರೈಲ್ವೆಯ ಸೈಟು ಇಂಗ್ಲಿಷಿನಲ್ಲೂ ತೆರೆಯುತ್ತದೆ. ಹೆಸರು, ಪಾಸ್‌ಪೋರ್ಟ್ ನಂಬರು ಕೊಟ್ಟು, ಬೋಗಿಯ ಚಿತ್ರದಲ್ಲಿ ಸೀಟು ಆರಿಸಿ, ಕಾರ್ಡಿನಲ್ಲಿ ಹಣ ಕಟ್ಟಬೇಕು. ನಮ್ಮ ಕಾರ್ಡುಗಳು ಕೆಲವು ಸಲ ಅಲ್ಲಿ ಒಪ್ಪಿಗೆಯಾಗುವುದಿಲ್ಲ. ವಿದೇಶಿ ಪಾವತಿ ಆನ್ ಮಾಡಿದ್ದೀರಾ ಅಂತ ನೋಡಿ. ಆಗಲೂ ಆಗದಿದ್ದರೆ ಎರಡು ದಾರಿ. ಮಧ್ಯವರ್ತಿ ಸೈಟಿನಲ್ಲಿ ಸ್ವಲ್ಪ ಜಾಸ್ತಿ ಕೊಟ್ಟು ತೆಗೆಯುವುದು, ಇಲ್ಲವೇ ಡಾ ನಾಂಗ್ ತಲುಪಿದ ದಿನವೇ ಸ್ಟೇಷನ್‌ಗೆ ಹೋಗಿ ಕೌಂಟರಿನಲ್ಲಿ ತೆಗೆಯುವುದು. ಸ್ಟೇಷನ್ ಊರ ನಡುವೆಯೇ ಇದೆ. ಅಲ್ಲಿ ಸ್ಟೇಷನ್‌ಗೆ ‘ಗಾ’ ಅನ್ನುತ್ತಾರೆ. ಫ್ರೆಂಚರು ಬಿಟ್ಟುಹೋದ ಪದ. ಟ್ಯಾಕ್ಸಿಯವನಿಗೆ ‘ಗಾ ಡಾ ನಾಂಗ್’ ಅಂದರೆ ಸಾಕು.

ನನ್ನ ಮೊದಲ ಎಡವಟ್ಟು ನಡೆದಿದ್ದು ಮಧ್ಯವರ್ತಿ ಸೈಟಿನಲ್ಲಿ. ‘ಸಮುದ್ರದ ಕಡೆ ಸೀಟು ಬೇಕು’ ಅಂತ ಬರೆದಿದ್ದೆ. ಅವರು ಕಿಟಕಿ ಪಕ್ಕದ ಸೀಟು ಕೊಟ್ಟರು, ಆದರೆ ಬೆಟ್ಟದ ಕಡೆ. ಒಂದು ಗಂಟೆ ಒದ್ದೆ ಬಂಡೆ, ಪಾಚಿ ನೋಡಿಕೊಂಡು ಬಂದೆ. ಪಾಚಿ ಚೆನ್ನಾಗಿಯೇ ಇತ್ತು ಬಿಡಿ.

ಹಾಗಾಗಿ ಇದನ್ನು ಗಟ್ಟಿಮಾಡಿಕೊಳ್ಳಿ: ಡಾ ನಾಂಗ್‌ನಿಂದ ಹ್ವೆಗೆ ಹೋಗುವಾಗ, ರೈಲು ಹೋಗುವ ದಿಕ್ಕಿಗೆ ಮುಖ ಮಾಡಿದರೆ, ಸಮುದ್ರ ನಿಮ್ಮ ಬಲಗಡೆ. ವಾಪಸ್ ಬರುವಾಗ ಎಡಗಡೆ. ಸೈಟಿನ ಚಿತ್ರದಲ್ಲಿ ಯಾವುದು ಬಲ ಅನ್ನುವುದು ತಿಳಿಯುವುದಿಲ್ಲ. ಸೀಟುಗಳಲ್ಲೂ ಅರ್ಧ ಮುಂದಕ್ಕೆ, ಅರ್ಧ ಹಿಂದಕ್ಕೆ ಮುಖಮಾಡಿರುತ್ತವೆ. ಇನ್ನೊಂದು ಗೊಂದಲವೂ ಇದೆ. ಡಾ ನಾಂಗ್ ಸ್ಟೇಷನ್ನಿನಲ್ಲಿ ಹಳಿ ಮುಗಿದುಹೋಗುತ್ತದೆ. ಸೈಗಾನ್‌ನಿಂದ ಬಂದ ರೈಲಿನ ಎಂಜಿನ್ ಬಿಚ್ಚಿ ಇನ್ನೊಂದು ತುದಿಗೆ ಹಾಕಿ, ಬಂದ ದಿಕ್ಕಿಗೇ ಹೊರಡಿಸುತ್ತಾರೆ. ಅದುವರೆಗೆ ಎಡ ಆಗಿದ್ದದ್ದು ಬಲ ಆಗಿರುತ್ತದೆ. ನಮ್ಮ ಅರಸೀಕೆರೆಯಲ್ಲಿ ಎಂಜಿನ್ ಬದಲಾಯಿಸುವುದನ್ನು ನೋಡಿದವರಿಗೆ ತಕ್ಷಣ ಅರ್ಥವಾದೀತು. ಸುಲಭದ ಉಪಾಯ ಅಂದರೆ ಕೌಂಟರಿನಲ್ಲಿ ‘ಫಿಯಾ ಬಿಯೆನ್’ ಅಂತ ಕೇಳುವುದು, ಅಂದರೆ ಸಮುದ್ರದ ಕಡೆ. ನಮ್ಮ ಉಚ್ಚಾರ ಅವರಿಗೆ ಅರ್ಥವಾಗದೆ ಹೋಗಬಹುದು. ಫೋನಿನ ಅನುವಾದದಲ್ಲಿ ತೋರಿಸಿ.

ಸೀಟಿನ ದರ್ಜೆಗಳಲ್ಲಿ ಎಸಿ ಇರುವ ಮೆತ್ತನೆ ಸೀಟೇ ಸಾಕು. ಮಲಗುವ ಬರ್ತ್ ತೆಗೆಯಬೇಡಿ. ಮೇಲಿನ ಬರ್ತ್ ಸಿಕ್ಕರೆ ಕಾಣುವುದು ರೈಲಿನ ಚಾವಣಿ. ಪ್ರವಾಸಿ ರೈಲು ಶುರುವಾದಾಗ ಒಂದು ಕಡೆಗೆ ಟಿಕೆಟ್ ಒಂದೂವರೆ ಲಕ್ಷ ಡಾಂಗ್ ಇತ್ತು. ಲಕ್ಷ ಅಂದ ತಕ್ಷಣ ಗಾಬರಿ ಬೇಡ. ಸುಮಾರು 300 ಡಾಂಗ್‌ಗೆ ಒಂದು ರೂಪಾಯಿ, ಅಂದರೆ 500 ರೂಪಾಯಿ ಆಯಿತು. ಹಣ ಎಣಿಸುವಾಗ ಮಾತ್ರ ಎಚ್ಚರ. 20,000ದ ನೋಟು, 5,00,000ದ ನೋಟು ಎರಡೂ ನೀಲಿ. ಸಂಜೆಯ ಮಬ್ಬಿನಲ್ಲಿ ಅವಸರದಲ್ಲಿ ಕೊಟ್ಟರೆ 20ರ ಬದಲು 500 ಕೊಟ್ಟಿರುತ್ತೀರಿ. ಐದು ಲಕ್ಷದ ನೋಟುಗಳನ್ನು ಪರ್ಸಿನ ಬೇರೆ ಖಾನೆಯಲ್ಲಿ ಇಡಿ.

ಬೆಳಗ್ಗೆ ಸ್ಟೇಷನ್ನಿನಲ್ಲಿ

ಅರ್ಧ ಗಂಟೆ ಮುಂಚೆ ಹೋದರೆ ಸಾಕು. ಫೋನಿನಲ್ಲಿರುವ ಟಿಕೆಟ್ಟಿನ ಕ್ಯೂಆರ್ ಕೋಡ್, ಜೊತೆಗೆ ಪಾಸ್‌ಪೋರ್ಟ್. ಪ್ಲಾಟ್‌ಫಾರಂ ತಗ್ಗಿನಲ್ಲಿದೆ, ಬೋಗಿಗೆ ಮೆಟ್ಟಿಲು ಹತ್ತಬೇಕು. ಅಪ್ಪ ಅಮ್ಮ ಜೊತೆಗಿದ್ದರೆ ಇದನ್ನು ಮನಸ್ಸಿನಲ್ಲಿಟ್ಟುಕೊಳ್ಳಿ.

ಚೀಲದಲ್ಲಿ ಛತ್ರಿ, ನೀರು, ಟಿಶ್ಯೂ, ತಿನ್ನಲು ಏನಾದರೂ. ಬೋಗಿಯ ಕೊನೆಯಲ್ಲಿ ಬಿಸಿನೀರಿನ ನಲ್ಲಿ ಇರುತ್ತದೆ. ಅವರು ಅದರಲ್ಲಿ ಕಪ್ ನೂಡಲ್ಸ್ ಮಾಡಿಕೊಳ್ಳುತ್ತಾರೆ. ಊರಿನಿಂದ ಬಿಸಿನೀರು ಹಾಕಿದರೆ ಆಗುವ ಉಪ್ಪಿಟ್ಟಿನ ಡಬ್ಬಿ ತಂದಿದ್ದರೆ ಅದನ್ನು ತೆಗೆಯಲು ಇದೇ ಸರಿಯಾದ ಜಾಗ. ಒಗ್ಗರಣೆ ವಾಸನೆಗೆ ಅಕ್ಕಪಕ್ಕದವರು ತಿರುಗಿ ನೋಡಿಯೇ ನೋಡುತ್ತಾರೆ.

ಹಳಿಯನ್ನೂ ಒಮ್ಮೆ ನೋಡಿ. ಮೀಟರ್ ಗೇಜು. ಮೈಸೂರಿನಿಂದ ಹಾಸನಕ್ಕೆ, ಹಾಸನದಿಂದ ಮಂಗಳೂರಿಗೆ ಹಿಂದೆ ಇದ್ದ ಅದೇ ಅಗಲ. ಡಾ ನಾಂಗ್ ಹ್ವೆ ನಡುವಿನ ಈ ತುಂಡನ್ನು ಫ್ರೆಂಚರು 1906ರಲ್ಲಿ ತೆರೆದರು. ಹನೋಯ್‌ನಿಂದ ಸೈಗಾನ್‌ವರೆಗಿನ 1,726 ಕಿಲೋಮೀಟರ್ ಪೂರ್ತಿಯಾಗಿದ್ದು 1936ರಲ್ಲಿ. ದೇಶ ಎರಡಾದಾಗ ಹಳಿಯೂ ಎರಡಾಯಿತು, ಯುದ್ಧದಲ್ಲಿ ಸೇತುವೆಗಳು ಹಾರಿದವು. ಮತ್ತೆ ಕೂಡಿಸಿ ರೈಲು ಓಡಿಸಿದ್ದು 1976ರ ಡಿಸೆಂಬರ್ ಕೊನೆಯಲ್ಲಿ.

ಘಾಟಿಯಲ್ಲಿ ಏನು ನೋಡಬೇಕು

ಹೊರಟ ಮೇಲೆ ಮೊದಲ ಅರ್ಧ ಗಂಟೆ ಊರಿನ ಹಿತ್ತಿಲುಗಳು, ಒಣಹಾಕಿದ ಬಟ್ಟೆ, ಗೇಟಿನ ಹಿಂದೆ ಕಾಯುವ ಸ್ಕೂಟರುಗಳು. ಈ ಹೊತ್ತಿನಲ್ಲಿ ತಿಂಡಿ ಮುಗಿಸಿಬಿಡಿ. ಕಿಮ್ ಲಿಯೆನ್ ಸ್ಟೇಷನ್ ದಾಟಿದ ಮೇಲೆ ಕೈ ಖಾಲಿ ಇರಬೇಕು.

ಅಲ್ಲಿಂದ ಏರು. ಉದ್ದದ ರೈಲುಗಳಿಗೆ ಹಿಂದಿನಿಂದ ತಳ್ಳಲು ಇನ್ನೊಂದು ಎಂಜಿನ್ ಹಾಕುತ್ತಾರೆ. ನಮ್ಮ ಸುಬ್ರಹ್ಮಣ್ಯ ಘಾಟಿಯ ಪದ್ಧತಿಯೇ. ವೇಗ ಇಳಿಯುತ್ತದೆ, ತಿರುವುಗಳು ಶುರುವಾಗುತ್ತವೆ. ಹಿಂದಿನ ಬೋಗಿಯಲ್ಲಿದ್ದರೆ ಮುಂದಿನ ಬೋಗಿಗಳು ಬೆಟ್ಟದ ಸೊಂಟ ಬಳಸಿ ಹೋಗುವುದು ಕಾಣುತ್ತದೆ, ಹಾಗಾಗಿ ಆಯ್ಕೆ ಇದ್ದರೆ ಹಿಂದಿನ ಬೋಗಿಯೇ ಇರಲಿ. ಬಲಕ್ಕೆ ಡಾ ನಾಂಗ್ ಕೊಲ್ಲಿ. ಆಚೆ ದಡದಲ್ಲಿ ಸೋನ್ ಚಾ ಪರ್ಯಾಯ ದ್ವೀಪ ಮಲಗಿದ ಪ್ರಾಣಿಯ ಹಾಗೆ. ಕೆಳಗೆ ಬೆಟ್ಟಕ್ಕೂ ನೀರಿಗೂ ನಡುವೆ ಸಿಕ್ಕಿಕೊಂಡ ಒಂದು ಚಿಕ್ಕ ಮರಳ ದಂಡೆ ಬರುತ್ತದೆ. ಅದು ವಾನ್ ಹಳ್ಳಿ. ಕುಷ್ಠರೋಗ ಬಂದವರನ್ನು ದೂರ ಇಟ್ಟಿದ್ದ ಊರು. 2012ರಲ್ಲಿ ಅಲ್ಲಿದ್ದವರನ್ನು ನಗರಕ್ಕೆ ಸ್ಥಳಾಂತರಿಸಿದರು. ಅಷ್ಟು ಚಂದದ ಜಾಗಕ್ಕೆ ಹಾಗೊಂದು ಕತೆ.

ಹಾಯ್ ವಾನ್ ಅಂದರೆ ಸಮುದ್ರ, ಮೋಡ. ಎರಡೂ ಸೇರುವ ಜಾಗ. ಚಳಿಗಾಲದಲ್ಲಿ ಡಾ ನಾಂಗ್ ಕಡೆ ಬಿಸಿಲಿದ್ದು ಸುರಂಗ ದಾಟಿದ ಕೂಡಲೇ ತುಂತುರು ಶುರುವಾಗಬಹುದು. ಉತ್ತರದ ತಂಪು ಗಾಳಿಯನ್ನು ಈ ಬೆಟ್ಟವೇ ತಡೆದು ನಿಲ್ಲಿಸುತ್ತದೆ. ಘಟ್ಟದ ಮೇಲೆ ಒಂದು ಹವೆ, ಕೆಳಗೆ ಒಂದು ಹವೆ ಅನ್ನುವುದು ನಮಗೆ ಹೊಸ ಮಾತೇ?

ಒಂದು ಕಾಲಕ್ಕೆ ರಾಜ್ಯಗಳ ಗಡಿಯೂ ಇದೇ ಆಗಿತ್ತು. ದಕ್ಷಿಣದಲ್ಲಿ ಚಂಪಾ. ಶಿವನನ್ನು ಪೂಜಿಸಿ, ಸಂಸ್ಕೃತದಲ್ಲಿ ಶಾಸನ ಹಾಕಿಸುತ್ತಿದ್ದ ರಾಜ್ಯ. ಉತ್ತರದಲ್ಲಿ ಡಾಯ್ ವಿಯೆಟ್. 1306ರಲ್ಲಿ ಚಂಪಾದ ರಾಜ ಜಯಸಿಂಹವರ್ಮ ಉತ್ತರದ ರಾಜಕುಮಾರಿ ಹುಯೆನ್ ಚಾನ್‌ಳನ್ನು ಮದುವೆಯಾಗಲು ಘಾಟಿಯಾಚೆಯ ತನ್ನ ಎರಡು ಸೀಮೆಗಳನ್ನು ತೆರವಾಗಿ ಕೊಟ್ಟ. ಮರುವರ್ಷವೇ ಅವನು ತೀರಿಕೊಂಡ. ಕೊಟ್ಟ ನೆಲ ಮಾತ್ರ ವಾಪಸ್ ಬರಲಿಲ್ಲ. ಇವತ್ತಿನ ಹ್ವೆ ನಿಂತಿರುವುದು ಆ ತೆರದ ನೆಲದ ಮೇಲೆ.

ಫೋಟೋಗೆ ಒಂದೆರಡು ಮಾತು. ಎಸಿ ಬೋಗಿಯ ಕಿಟಕಿ ತೆಗೆಯಲು ಬರುವುದಿಲ್ಲ, ಗಾಜಿನ ಮೇಲೆ ಧೂಳಿರುತ್ತದೆ. ಒಳಗಿನಿಂದ ಒರೆಸಿ, ಫೋನಿನ ಲೆನ್ಸನ್ನು ಗಾಜಿಗೆ ಅಂಟಿಸಿ ಹಿಡಿಯಿರಿ, ಆಗ ಪ್ರತಿಬಿಂಬ ಬೀಳುವುದಿಲ್ಲ. ಬಾಗಿಲು ತೆಗೆದು ನೇತಾಡುವ ನಮ್ಮ ಅಭ್ಯಾಸ ಇಲ್ಲಿ ಬೇಡ, ಸುರಂಗಗಳು ಮೈಗೆ ತಾಗುವಷ್ಟು ಹತ್ತಿರ.

ಇಳಿದ ಮೇಲೆ ಲಾಂಗ್ ಕೊ. ಬಿಳಿ ಮರಳು, ಹಿನ್ನೀರು, ನೀರಿನಲ್ಲಿ ಬಲೆಯ ಗೂಟಗಳು. ಪ್ರವಾಸಿ ರೈಲು ಇಲ್ಲಿ ಸುಮಾರು ಹತ್ತು ನಿಮಿಷ ನಿಲ್ಲುತ್ತದೆ, ಇಳಿದು ಕಾಲು ಆಡಿಸಬಹುದು. ಆಮೇಲೆ ಬಲಕ್ಕೆ ಕಾವ್ ಹಾಯ್ ಹಿನ್ನೀರು ಸಿಗುತ್ತದೆ. ಅಲ್ಲಿಂದ ಮುಂದೆ ಗದ್ದೆ, ಗದ್ದೆಯ ನಡುವೆ ಸಮಾಧಿಗಳು, ಮತ್ತೆ ಗದ್ದೆ. ಕಣ್ಣು ಮುಚ್ಚಿದರೂ ನಷ್ಟವಿಲ್ಲ.

ಹ್ವೆಯಲ್ಲಿ ಇಳಿದ ಮೇಲೆ

ಸ್ಟೇಷನ್ ಹೊರಗೆ ಸೈಕಲ್ ರಿಕ್ಷಾದವರು, ಟ್ಯಾಕ್ಸಿಯವರು ಮುತ್ತುತ್ತಾರೆ. ಗ್ರ್ಯಾಬ್ ಆ್ಯಪ್ ಇಲ್ಲಿ ಕೆಲಸ ಮಾಡುತ್ತದೆ, ದರದ ಜಗಳವೇ ಇಲ್ಲ. ಡಾ ನಾಂಗ್‌ನಲ್ಲೇ ಅದನ್ನು ಹಾಕಿಕೊಂಡು ಒಂದು ಸಲ ಬಳಸಿ ನೋಡಿರಿ.

ಮೊದಲು ಊಟ. ಸಸ್ಯಾಹಾರಿಗಳಿಗೆ ವಿಯೆಟ್ನಾಂನಲ್ಲಿ ಹ್ವೆಯಷ್ಟು ಒಳ್ಳೆಯ ಊರು ಸಿಗುವುದು ಕಷ್ಟ. ಬೌದ್ಧ ಮಠಗಳ ಊರು ಇದು. ಚಾಂದ್ರಮಾನ ತಿಂಗಳ ಮೊದಲ ದಿನ, ಹದಿನೈದನೇ ದಿನ, ಅಂದರೆ ಹೆಚ್ಚುಕಡಿಮೆ ನಮ್ಮ ಪಾಡ್ಯ ಮತ್ತು ಹುಣ್ಣಿಮೆಗೆ, ಮಾಂಸ ತಿನ್ನುವವರೂ ಬಿಡುತ್ತಾರೆ. ಬೋರ್ಡಿನ ಮೇಲೆ ‘ಚಾಯ್’ ಅಂತ ಇದ್ದರೆ ಅದು ಟೀ ಅಂಗಡಿ ಅಲ್ಲ, ಸಸ್ಯಾಹಾರ. ‘ಕಾಮ್ ಚಾಯ್’ ಅಂದರೆ ಅನ್ನದ ಊಟ, ‘ಬುನ್ ಚಾಯ್’ ಅಂದರೆ ಅಕ್ಕಿ ಶಾವಿಗೆಯದು. ‘ತೋಯ್ ಆನ್ ಚಾಯ್’ ಅಂದರೆ ‘ನಾನು ಸಸ್ಯಾಹಾರಿ’. ಚಾಯ್ ಹೋಟೆಲ್ಲಿಗೇ ಹೋಗಿ. ಬೇರೆ ಕಡೆ ‘ಮಾಂಸ ಹಾಕಬೇಡಿ’ ಅಂದರೆ ತುಂಡುಗಳನ್ನು ತೆಗೆದು ಸಾರು ಅದನ್ನೇ ಕೊಡುತ್ತಾರೆ. ಮೀನಿನ ಸಾಸು ‘ನುವಾಕ್ ಮಾಮ್’, ಸಿಗಡಿ ಹಿಂಡಿ ‘ಮಾಮ್ ರುವಾಕ್’ ಎಲ್ಲದರಲ್ಲೂ ಇರುತ್ತದೆ.

ಮಾಂಸ ತಿನ್ನುವವರು ಬುನ್ ಬೊ ಹ್ವೆ ಕೇಳಿ. ದನದ ಮಾಂಸ, ಮಜ್ಜಿಗೆ ಹುಲ್ಲು, ಖಾರ. ದನ ತಿನ್ನದವರಿಗೆ ‘ಬಾನ್ ಬೆಯೊ’ ಇದೆ. ಬಟ್ಟಲಲ್ಲಿ ಬೇಯಿಸಿದ ಪುಟಾಣಿ ಅಕ್ಕಿ ಹಿಟ್ಟಿನ ಬಿಲ್ಲೆ, ಮೇಲೆ ಸಿಗಡಿ ಪುಡಿ. ತಟ್ಟೆ ಇಡ್ಲಿಯ ಮೊಮ್ಮಗಳು ಅನ್ನಬಹುದು. ಉಪ್ಪಿನ ಕಾಫಿ ‘ಕಾ ಫೆ ಮುವೋಯ್’ ಹುಟ್ಟಿದ್ದು ಇದೇ ಊರಿನಲ್ಲಿ. ಕಾಫಿಗೆ ಉಪ್ಪಾ ಅಂತ ಮೂಗು ಮುರಿದಿದ್ದೆ. ಡಿಕಾಕ್ಷನ್ ಗಟ್ಟಿ, ಮೇಲಿನ ನೊರೆಯಲ್ಲಿ ಚಿಟಿಕೆ ಉಪ್ಪು, ಕಹಿ ಕಡಿಮೆಯಾಗಿ ಸಿಹಿ ಎದ್ದು ನಿಲ್ಲುತ್ತದೆ. ಎರಡನೇ ಲೋಟ ನಾನೇ ಕೇಳಿದೆ.

ಅರಮನೆ: ನೇರ ಹೋಗಬೇಡಿ, ಎಡಕ್ಕೆ ತಿರುಗಿ

1802ರಿಂದ 1945ರವರೆಗೆ ಹ್ವೆ ಇಡೀ ವಿಯೆಟ್ನಾಂನ ರಾಜಧಾನಿ. ಆಳಿದ್ದು ಙುಯೆನ್ ವಂಶದ 13 ದೊರೆಗಳು. (ನಮ್ಮ ವರ್ಣಮಾಲೆಯಲ್ಲಿ ಕೆಲಸವಿಲ್ಲದೆ ಕೂತಿರುವ ಙ ಅಕ್ಷರಕ್ಕೆ ಇಲ್ಲಿ ಕೊನೆಗೂ ಕೆಲಸ ಸಿಕ್ಕಿದೆ. ಇಂಗ್ಲಿಷಿನವರು ಈ ಹೆಸರು ಹೇಳಲು ಒದ್ದಾಡುತ್ತಾರೆ. ಒಂದನೇ ಕ್ಲಾಸಿನಲ್ಲಿ ‘ಕ ಖ ಗ ಘ ಙ’ ಕಲಿತವರಿಗೆ ಸಲೀಸು.) ಮೊದಲ ದೊರೆ ಜಾ ಲಾಂಗ್ ಶುರುಮಾಡಿದ ಕೋಟೆಯನ್ನು ಮಗ ಮಿನ್ ಮಾಂಗ್ 1832ರಲ್ಲಿ ಮುಗಿಸಿದ. ಹೊರಗೋಡೆಯ ಸುತ್ತಳತೆ ಸುಮಾರು 10 ಕಿಲೋಮೀಟರ್. ಅದರೊಳಗೆ ಇನ್ನೊಂದು ಕೋಟೆ, ಅದೇ ಡಾಯ್ ನೋಯ್, ಅರಮನೆಯ ಆವರಣ. 1993ರಲ್ಲಿ ಯುನೆಸ್ಕೊ ಪಟ್ಟಿಗೆ ಸೇರಿತು, ಆ ದೇಶದಿಂದ ಮೊದಲನೆಯದು. ಟಿಕೆಟ್ ಸುಮಾರು 2,00,000 ಡಾಂಗ್. ದೊರೆಗಳ ಒಂದೆರಡು ಸಮಾಧಿಗಳನ್ನೂ ನೋಡುವುದಿದ್ದರೆ ಕೂಡು ಟಿಕೆಟ್ ಅಗ್ಗ, ಕೌಂಟರಿನಲ್ಲಿ ಕೇಳಿ. ಭುಜ, ಮೊಣಕಾಲು ಮುಚ್ಚುವ ಬಟ್ಟೆ ಇರಲಿ, ಒಳಗೆ ಪೂಜೆಯ ಜಾಗಗಳಿವೆ.

ಒಳಗೆ ಹೋಗುವುದು ಙೋ ಮೋನ್ ಬಾಗಿಲಿನಿಂದ. ಕೊನೆಯ ದೊರೆ ಬಾವ್ ಡಾಯ್ 1945ರ ಆಗಸ್ಟ್ 30ರಂದು ಇದೇ ಬಾಗಿಲ ಮೇಲೆ ನಿಂತು ಪಟ್ಟ ಬಿಟ್ಟುಕೊಟ್ಟ. ಬಾಗಿಲು ದಾಟಿದ ಎಲ್ಲ ಗುಂಪುಗಳೂ ಬಾವುಟ ಹಿಡಿದ ಗೈಡಿನ ಹಿಂದೆ ನೇರ ಥಾಯ್ ಹ್ವಾ ಅರಮನೆಗೆ ಹೋಗುತ್ತವೆ. ನೀವು ಎಡಕ್ಕೆ ತಿರುಗಿ.

ಎಡ ಮೂಲೆಯಲ್ಲಿ ದೊರೆಗಳ ಪೂಜಾಮಂದಿರ ಥೆ ಮಿಯೆವ್ ಇದೆ. ಅದರ ಅಂಗಳದಲ್ಲಿ ಸಾಲಾಗಿ ಒಂಬತ್ತು ಕಂಚಿನ ಕೊಪ್ಪರಿಗೆಗಳು. 1835ರಿಂದ 1837ರ ನಡುವೆ ಮಿನ್ ಮಾಂಗ್ ಎರಕ ಹೊಯ್ಸಿದ್ದು. ಒಂದೊಂದೂ ಸುಮಾರು ಎರಡು ಟನ್ ಅಥವಾ ಅದಕ್ಕಿಂತ ಜಾಸ್ತಿ. ಹೆಚ್ಚಿನವು ಒಬ್ಬೊಬ್ಬ ದೊರೆಗೆ. ಜಾ ಲಾಂಗ್‌ನದು ಮಾತ್ರ ಸಾಲಿನಿಂದ ಒಂದು ಹೆಜ್ಜೆ ಮುಂದೆ ನಿಂತಿದೆ. ಇಲ್ಲಿ ಅವಸರ ಬೇಡ, ಕನಿಷ್ಠ ಅರ್ಧ ಗಂಟೆ ಕೊಡಿ. ಮೈತುಂಬ ಉಬ್ಬುಚಿತ್ರಗಳು, ಒಟ್ಟು 162. ಸೂರ್ಯ, ಚಂದ್ರ, ನದಿ, ಬೆಟ್ಟ, ದೋಣಿ, ಫಿರಂಗಿ, ಹುಲಿ, ಭತ್ತ. ದೇಶದಲ್ಲಿ ಏನೇನಿತ್ತೋ ಅದನ್ನೆಲ್ಲ ಕಂಚಿನಲ್ಲಿ ಪಟ್ಟಿಮಾಡಿ ಇಟ್ಟ ಹಾಗಿದೆ. ಜಾ ಲಾಂಗ್‌ನ ಕೊಪ್ಪರಿಗೆಯ ಮೇಲೆ ಹಲಸಿನ ಹಣ್ಣೂ ಇದೆ. ಇನ್ನೊಂದರ ಮೇಲೆ ಹಾಯ್ ವಾನ್ ಘಾಟಿಯ ಬಾಗಿಲು. ಬೆಳಗ್ಗೆ ರೈಲಿನಲ್ಲಿ ಕಾಣದೆ ಉಳಿದಿದ್ದನ್ನು ಇಲ್ಲಿ ಹುಡುಕಿ. ಕೆಲವು ಕೊಪ್ಪರಿಗೆಗಳಲ್ಲಿ ಗುಂಡು ಬಿದ್ದ ಗುಳಿಗಳೂ ಕಾಣುತ್ತವೆ.

ಆ ಗುಂಡುಗಳ ಕತೆ ಗೊತ್ತಿದ್ದರೆ ಮುಂದಿನ ಖಾಲಿ ಜಾಗಗಳು ಅರ್ಥವಾಗುತ್ತವೆ. 1947ರಲ್ಲಿ ಫ್ರೆಂಚರ ವಿರುದ್ಧದ ಯುದ್ಧದಲ್ಲಿ ಅರಮನೆಯ ಒಳಭಾಗ ಸುಟ್ಟುಹೋಯಿತು. 1968ರ ಟೆಟ್ ಹಬ್ಬದ ಸಮಯದಲ್ಲಿ ಈ ಕೋಟೆಯೊಳಗೇ ವಾರಗಟ್ಟಲೆ ಕಾಳಗ ನಡೆಯಿತು. ಹಂಪಿಯಲ್ಲಿ ಬರೀ ಜಗತಿ ಉಳಿದ ಅರಮನೆಗಳನ್ನು ನೋಡಿದ್ದೀರಲ್ಲ, ಇಲ್ಲಿಯೂ ಹಾಗೇ, ಹುಲ್ಲು ಬೆಳೆದ ಜಗತಿಗಳು ಸಿಗುತ್ತವೆ. ಒಂದು ವ್ಯತ್ಯಾಸ ಇದೆ. ಇವರು ಕೆಲವನ್ನು ಮತ್ತೆ ಕಟ್ಟಿದ್ದಾರೆ. ಹಿಂದಿನ ತುದಿಯಲ್ಲಿ ಮಿರಮಿರ ಹೊಳೆಯುವ ಕಿಯೆನ್ ಚುಂಗ್ ಅರಮನೆ 2024ರಲ್ಲಿ ತೆರೆಯಿತು. ಚೀನೀ ಚಾವಣಿ, ಫ್ರೆಂಚ್ ಕಿಟಕಿ, ಗೋಡೆ ತುಂಬ ಪಿಂಗಾಣಿ ಚೂರು. ಫೋಟೋಗೆ ಎಲ್ಲರೂ ಅಲ್ಲಿಗೇ ಓಡುತ್ತಾರೆ. ನನಗೆ ಅದು ಯಾಕೋ ಹೊಸ ಕಲ್ಯಾಣ ಮಂಟಪದ ಹಾಗೆ ಕಂಡಿತು. ಇನ್ನು ಐವತ್ತು ಮಳೆಗಾಲ ಕಳೆದರೆ ಚೆನ್ನಾಗಿ ಕಾಣಬಹುದು.

ಹಾಗಾಗಿ ನಡೆಯುವ ಕ್ರಮ ಹೀಗೆ: ಕೊಪ್ಪರಿಗೆಗಳು, ಅಲ್ಲಿಂದ ಎಡಗಡೆಯಲ್ಲೇ ಉತ್ತರಕ್ಕೆ ಹೋದರೆ ರಾಜಮಾತೆಯರ ಅರಮನೆ, ಅಲ್ಲಿನ ಕೊಳದ ಪಕ್ಕ ಕೂತು ಸುಧಾರಿಸಿಕೊಂಡು ಕಿಯೆನ್ ಚುಂಗ್, ಅಲ್ಲಿಂದ ವಾಪಸ್ ನಡುವಿನ ದಾರಿಯಲ್ಲಿ ಇಳಿದು ಕೊನೆಗೆ ಥಾಯ್ ಹ್ವಾ. ಗುಂಪುಗಳು ಅಷ್ಟರಲ್ಲಿ ಹೋಗಿರುತ್ತವೆ. ಕೆಂಪು ಅರಗಿನ ಕಂಬಗಳ ನಡುವೆ ಸಿಂಹಾಸನ ಇರುವ ಸಭಾಂಗಣ ಅದು. ದುರಸ್ತಿ ಮುಗಿದು 2024ರ ಕೊನೆಯಲ್ಲಿ ತೆರೆದಿದ್ದಾರೆ. ಹೊರಗೆ ಬರಲು ಪೂರ್ವದ ಹಿಯೆನ್ ಞೋನ್ ಬಾಗಿಲು. ಹೌದು, ಞ ಅಕ್ಷರಕ್ಕೂ ಇಲ್ಲಿ ಕೆಲಸ ಇದೆ. ಒಟ್ಟು ಎರಡೂವರೆ ಗಂಟೆ.

ಸಮಾಧಿ: ಒಂದೇ ಸಾಕು

ಏಜೆಂಟರು ಮೂರು ಸಮಾಧಿ, ಒಂದು ಪಗೋಡ, ಒಂದು ಊದುಬತ್ತಿ ಮಾಡುವ ಹಳ್ಳಿ ಸೇರಿಸಿ ಮಾರುತ್ತಾರೆ. ಮಧ್ಯಾಹ್ನ ಮೂರರ ಮೇಲೆ ಅಷ್ಟೆಲ್ಲ ನೋಡಲು ಆಗುವುದಿಲ್ಲ. ಸಂಜೆ ಐದು, ಐದೂವರೆಗೆ ಎಲ್ಲ ಮುಚ್ಚುತ್ತದೆ. ಒಂದು ಆರಿಸಿಕೊಳ್ಳಿ.

ದೊರೆ ಖಾಯ್ ಡಿನ್‌ನದು ಊರಿನಿಂದ ಸುಮಾರು 10 ಕಿಲೋಮೀಟರ್. 1920ರಿಂದ 1931ರವರೆಗೆ ಕಟ್ಟಿದ್ದು, ಹೊರಗೆ ಕಪ್ಪಾದ ಕಾಂಕ್ರೀಟು, ಒಳಗೆ ಗಾಜು ಪಿಂಗಾಣಿ ಚೂರುಗಳ ಅಬ್ಬರ. 127 ಮೆಟ್ಟಿಲು. ಮಂಡಿ ನೋವಿನವರಿಗೆ ಬೇಡ.

ತು ಡುಕ್‌ನದು ಹತ್ತಿರ, ಸಮತಟ್ಟು. ಕೊಳ, ಪೈನ್ ಮರ, ಕೊಳದ ಮೇಲೆ ಮರದ ಮಂಟಪ. ದೊರೆ ಬದುಕಿದ್ದಾಗಲೇ ಇಲ್ಲಿ ಬಂದು ಕೂತು ಪದ್ಯ ಬರೆಯುತ್ತಿದ್ದ. ಕಟ್ಟುವ ಕೆಲಸದ ಹಿಂಸೆ ತಾಳಲಾರದೆ 1866ರಲ್ಲಿ ಕೂಲಿಗಳು ದಂಗೆ ಎದ್ದರು. ಕೈಯಲ್ಲಿ ಹಿಡಿದಿದ್ದು ಸುಣ್ಣ ಕುಟ್ಟುವ ಒನಕೆ. ಒನಕೆ ಅಂದಮೇಲೆ ಚಿತ್ರದುರ್ಗದ ನೆನಪು ಬಾರದೆ ಇರುತ್ತದೆಯೇ? ದಂಗೆ ಗೆಲ್ಲಲಿಲ್ಲ. ಇಷ್ಟೆಲ್ಲ ಆಗಿ ದೊರೆಯ ಶವ ಇಲ್ಲಿ ಇಲ್ಲವಂತೆ, ಎಲ್ಲಿ ಹೂಳಿದರೋ ಯಾರಿಗೂ ಹೇಳಲಿಲ್ಲ ಅನ್ನುತ್ತಾರೆ. ನನ್ನ ಆಯ್ಕೆ ಇದೇ. ಟಿಕೆಟ್ ಒಂದೊಂದಕ್ಕೂ ಸುಮಾರು 1,50,000 ಡಾಂಗ್.

ಅಲ್ಲಿಂದ ಹೊರಟು ಐದು ಗಂಟೆ ಆಗಿದ್ದರೆ ಥಿಯೆನ್ ಮು ಪಗೋಡಕ್ಕೆ ಹೋಗಬಹುದು. ಅದಕ್ಕೆ ಟಿಕೆಟ್ ಇಲ್ಲ. ಸುಗಂಧ ನದಿಯ ದಂಡೆಯ ಮೇಲೆ ಏಳು ಅಂತಸ್ತಿನ ಗೋಪುರ. ಹಿಂದೆ ಒಂದು ಶೆಡ್ಡಿನಲ್ಲಿ ತಿಳಿನೀಲಿ ಬಣ್ಣದ ಹಳೇ ಆಸ್ಟಿನ್ ಕಾರು ನಿಂತಿದೆ. 1963ರ ಜೂನ್ 11ರಂದು ಸೈಗಾನ್‌ನ ರಸ್ತೆಯಲ್ಲಿ ತಮಗೆ ತಾವೇ ಬೆಂಕಿ ಹಚ್ಚಿಕೊಂಡ ಭಿಕ್ಷು ಥಿಕ್ ಕ್ವಾಂಗ್ ಡುಕ್ ಅಲ್ಲಿಗೆ ಬಂದಿದ್ದು ಆ ಕಾರಿನಲ್ಲಿ. ಹೊತ್ತಾಗಿದ್ದರೆ ಪಗೋಡ ಬಿಟ್ಟು ಚುವಾಂಗ್ ಟಿಯೆನ್ ಸೇತುವೆಯ ಹತ್ತಿರ ನದಿ ದಂಡೆಯಲ್ಲಿ ಕೂತುಬಿಡಿ.

ವಾಪಸ್

ವ್ಯಾನಾದರೆ ಅವರು ಹೇಳಿದ ಜಾಗದಲ್ಲಿ ಹದಿನೈದು ನಿಮಿಷ ಮುಂಚೆ ಇರಿ, ಅವರು ಕಾಯುವುದಿಲ್ಲ. ರೈಲಾದರೆ ಹೊರಡುವ ಮೊದಲು ಎಷ್ಟು ತಡ ಇದೆ ಅಂತ ಕೇಳಿಕೊಂಡೇ ಸ್ಟೇಷನ್‌ಗೆ ಬನ್ನಿ. ಸಮುದ್ರ ಈಗ ಎಡಗಡೆ, ಆದರೆ ಕತ್ತಲಾಗಿದ್ದರೆ ಯಾವ ಕಡೆ ಕೂತರೂ ಒಂದೇ. ಸುಮ್ನೆ ಒರಗಿ ನಿದ್ದೆ ಮಾಡಿ. ಫೋನಿನಲ್ಲಿ ಅಲಾರಂ ಮಾತ್ರ ಇಟ್ಟುಕೊಳ್ಳಿ. ಎಸ್‌ಇ ರೈಲು ಡಾ ನಾಂಗ್‌ನಲ್ಲಿ ಎಂಜಿನ್ ತಿರುಗಿಸಿಕೊಂಡು ಮುಂದೆ ಹೊರಟುಬಿಡುತ್ತದೆ, ಅಲ್ಲಿಂದ ಸೈಗಾನ್‌ಗೆ ಇನ್ನೂ 935 ಕಿಲೋಮೀಟರ್ ಇದೆ.